ಪುಸ್ತಕ ಮುಚ್ಚಿ ಓದುವುದು ಹೇಗೆ?

ಪುಟದ ತುಂಬಾ ಹಳದಿ ಹೈಲೈಟರ್ ಗೆರೆ. ಅದೇ ಪಾಠದ ಯೂಟ್ಯೂಬ್ ವಿಡಿಯೊ ಎರಡೆರಡು ಸಲ ನೋಡಿ ಆಗಿದೆ. ಗೈಡ್‌ನಲ್ಲಿದ್ದ ಉತ್ತರಗಳನ್ನೂ ಬಿಟ್ಟಿಲ್ಲ. ಆದರೂ ಪ್ರಶ್ನೆಪತ್ರಿಕೆ ಕೈಗೆ ಬಂದಾಗ ‘ಓದಿದ್ದೆ, ಈಗ ನೆನಪಿಗೆ ಬರ್ತಿಲ್ಲ’ ಎಂಬ ಒದ್ದಾಟ. ಎಸ್‌ಎಸ್‌ಎಲ್‌ಸಿ ಮಕ್ಕಳಿರುವ ಮನೆಗಳಲ್ಲಿ ಇದು ಮಾಮೂಲಿ ಮಾತು. ‘ಸರಿಯಾಗಿ ಓದಿಲ್ಲ’ ಅಂತ ಬೈಯುವ ಮೊದಲು ಹೇಗೆ ಓದಿದರು ಅಂತ ನೋಡಬೇಕು.

ಓದುವುದು, ಕೇಳುವುದು, ನೋಡುವುದು ಇವೆಲ್ಲ ವಿಷಯವನ್ನು ಒಳಗೆ ತೆಗೆದುಕೊಳ್ಳುವ ಕೆಲಸ. ಅಲ್ಲಿಗೇ ನಿಂತರೆ ಅದು ನಿಷ್ಕ್ರಿಯ ಕಲಿಕೆ. ಒಳಗೆ ಹೋದದ್ದನ್ನು ಪುಸ್ತಕದ ಆಸರೆ ಇಲ್ಲದೆ ಹೊರಗೆ ತೆಗೆದು ಹೇಳಿದರೆ, ಬರೆದರೆ, ಲೆಕ್ಕ ಬಿಡಿಸಿದರೆ ಅದು ಸಕ್ರಿಯ ಕಲಿಕೆ. ಮೊದಲನೆಯದು ಬೇಡ ಅಂತಲ್ಲ. ಗೊತ್ತೇ ಇಲ್ಲದ್ದನ್ನು ನೆನಪಿಸಿಕೊಳ್ಳಲು ಆಗುವುದಿಲ್ಲ ಅಲ್ವಾ?

2006ರಲ್ಲಿ ಅಮೆರಿಕದ ಮನೋವಿಜ್ಞಾನಿಗಳಾದ ಹೆನ್ರಿ ರೋಡಿಗರ್ ಮತ್ತು ಜೆಫ್ರಿ ಕಾರ್ಪಿಕಿ ಕಾಲೇಜು ವಿದ್ಯಾರ್ಥಿಗಳಿಗೆ ಚಿಕ್ಕ ಗದ್ಯಭಾಗಗಳನ್ನು ಓದಲು ಕೊಟ್ಟರು. ಒಂದನ್ನು ಮತ್ತೆ ಓದಿಸಿದರು. ಇನ್ನೊಂದನ್ನು ಪಕ್ಕಕ್ಕಿಟ್ಟು, ನೆನಪಿದ್ದಷ್ಟು ಬರೆಯಿರಿ ಅಂದರು. ಐದು ನಿಮಿಷ ಬಿಟ್ಟು ಪರೀಕ್ಷೆ ಮಾಡಿದಾಗ, ಮತ್ತೆ ಓದಿದ್ದೇ ಜಾಸ್ತಿ ನೆನಪಿತ್ತು. ಒಂದು ವಾರ ಬಿಟ್ಟು ಪರೀಕ್ಷೆ ಮಾಡಿದಾಗ ಲೆಕ್ಕ ತಿರುಗಿತು: ಮತ್ತೆ ಓದಿದ್ದರಲ್ಲಿ ಶೇ 42ರಷ್ಟು ಉಳಿದಿತ್ತು, ನೆನಪಿಸಿಕೊಂಡು ಬರೆದಿದ್ದರಲ್ಲಿ ಶೇ 56ರಷ್ಟು. ನಮ್ಮ ಪರೀಕ್ಷೆಗಳು ಐದು ನಿಮಿಷಕ್ಕೆ ಬರುವುದಿಲ್ಲವಲ್ಲ.

ಹತ್ತನೇ ತರಗತಿಯ ಹೃದಯದ ಪಾಠವನ್ನೇ ಇಟ್ಟುಕೊಂಡು ಇದನ್ನು ಮಾಡಿ ನೋಡೋಣ.

ಹೆಜ್ಜೆ 1: ಒಂದು ಸಲ ಗಮನವಿಟ್ಟು ಓದಿ

ಪೂರ್ತಿ ಪಾಠ ಬೇಡ, ಎರಡು ಮೂರು ಪುಟ ಸಾಕು. ಹೈಲೈಟರ್ ಡ್ರಾಯರ್‌ನಲ್ಲೇ ಇರಲಿ. ಗೆರೆ ಎಳೆಯುತ್ತಾ ಕೂತರೆ ಕೈಗೆ ಕೆಲಸ ಸಿಗುತ್ತದೆ, ತಲೆಗೆ ರಜೆ.

ಹೆಜ್ಜೆ 2: ಪುಸ್ತಕ ಮುಚ್ಚಿ, ಖಾಲಿ ಹಾಳೆ ತೆಗೆಯಿರಿ

ರಕ್ತ ಹರಿಯುವ ದಾರಿಯನ್ನು ಬರೆಯಿರಿ. ದೇಹದಿಂದ ಬಂದ ರಕ್ತ ಬಲ ಹೃತ್ಕರ್ಣಕ್ಕೆ (ಹೃದಯದ ಮೇಲಿನ ಕೋಣೆ), ಅಲ್ಲಿಂದ ಬಲ ಹೃತ್ಕುಕ್ಷಿಗೆ (ಕೆಳಗಿನ ಕೋಣೆ), ಆಮೇಲೆ ಶ್ವಾಸಕೋಶಕ್ಕೆ. ವಾಪಸ್ ಬರುವುದು ಎಡ ಹೃತ್ಕರ್ಣಕ್ಕೆ, ನಂತರ ಎಡ ಹೃತ್ಕುಕ್ಷಿ, ಕೊನೆಗೆ ದೇಹಕ್ಕೆಲ್ಲ ರಕ್ತ ಒಯ್ಯುವ ಮಹಾಪಧಮನಿ. ಬಹುತೇಕ ಮಕ್ಕಳು ಶ್ವಾಸಕೋಶದ ಹತ್ತಿರ ಬಂದು ನಿಲ್ಲುತ್ತಾರೆ. ಅಲ್ಲಿಗೆ ರಕ್ತ ಒಯ್ಯುವುದು ಅಪಧಮನಿಯೋ ಅಭಿಧಮನಿಯೋ? ‘ಅಪಧಮನಿಯಲ್ಲಿ ಆಕ್ಸಿಜನ್ ಜಾಸ್ತಿ ಇರುವ ರಕ್ತ’ ಅಂತ ಬಾಯಿಗೆ ಬಂದುಬಿಟ್ಟಿರುತ್ತದೆ. ಇಲ್ಲಿ ನೋಡಿದರೆ ಆಕ್ಸಿಜನ್ ಕಡಿಮೆ ಇರುವ ರಕ್ತ. ಹೃದಯದಿಂದ ಹೊರಗೆ ಒಯ್ಯುವುದು ಅಪಧಮನಿ, ಹೃದಯಕ್ಕೆ ತರುವುದು ಅಭಿಧಮನಿ. ಹಾಗಾಗಿ ಶ್ವಾಸಕೋಶಕ್ಕೆ ಹೋಗುವುದೂ ಅಪಧಮನಿಯೇ.

ಪುಸ್ತಕದ ಚಿತ್ರವನ್ನು ಹತ್ತು ಸಲ ನೋಡಿದರೂ ಈ ಗೊಂದಲ ಗೊತ್ತಾಗುವುದಿಲ್ಲ. ನೋಡುವಾಗ ಎಲ್ಲ ಸರಿಯಾಗಿಯೇ ಕಾಣುತ್ತದೆ. ಬರೆಯಲು ಕೂತಾಗಲೇ ಪೆನ್ನು ನಿಲ್ಲುವುದು. ನಿಂತ ತಕ್ಷಣ ಪುಸ್ತಕ ತೆರೆಯಬೇಡಿ. ಒಂದೆರಡು ನಿಮಿಷ ತಿಣುಕಾಡಿ. ಬರದಿದ್ದರೆ ಜಾಗ ಖಾಲಿ ಬಿಟ್ಟು ಮುಂದೆ ಹೋಗಿ.

ಹೆಜ್ಜೆ 3: ಬೇರೆ ಬಣ್ಣದ ಪೆನ್ನಿನಲ್ಲಿ ತಿದ್ದಿ

ಈಗ ಪುಸ್ತಕ ತೆರೆಯಿರಿ. ಬಿಟ್ಟುಹೋದದ್ದು, ತಪ್ಪಾದದ್ದನ್ನು ಕೆಂಪು ಪೆನ್ನಿನಲ್ಲಿ ಬರೆಯಿರಿ. ಮುಂದಿನ ಸಲ ಓದಬೇಕಾದದ್ದು ಆ ಕೆಂಪು ಜಾಗಗಳನ್ನು ಮಾತ್ರ. ಸಮಯ ಉಳಿಯುವುದು ಇಲ್ಲೇ.

ಹೆಜ್ಜೆ 4: ‘ಯಾಕೆ’ ಅಂತ ಕೇಳಿ

ಎಡ ಹೃತ್ಕುಕ್ಷಿಯ ಗೋಡೆ ಬಲಗಡೆಯದಕ್ಕಿಂತ ದಪ್ಪ. ಯಾಕೆ? ಬಲಗಡೆಯದು ಪಕ್ಕದಲ್ಲೇ ಇರುವ ಶ್ವಾಸಕೋಶಕ್ಕೆ ರಕ್ತ ತಳ್ಳಿದರೆ ಸಾಕು. ಎಡಗಡೆಯದು ತಲೆಯಿಂದ ಕಾಲ ಬೆರಳಿನವರೆಗೆ ತಳ್ಳಬೇಕು. ಇದನ್ನು ನಿಮ್ಮ ಮಾತಲ್ಲೇ ಯಾರಿಗಾದರೂ ಹೇಳಿ. ಕೇಳುವವರಿಗೆ ವಿಜ್ಞಾನ ಗೊತ್ತಿರಬೇಕು ಅಂತೇನಿಲ್ಲ. ಅಜ್ಜಿಗೆ ಅರ್ಥವಾಗುವಂತೆ ಹೇಳಲು ಬಂದರೆ ಪಾಠ ಬಂತು ಅಂತಲೇ ಲೆಕ್ಕ.

ಇಲ್ಲೊಂದು ಮಾತು. ಬಾಯಿಪಾಠವನ್ನು ಬೈಯುವುದು ಈಗ ಫ್ಯಾಷನ್ ಆಗಿದೆ. ಆದರೆ ಪುಸ್ತಕ ನೋಡದೆ ಹದಿಮೂರರ ಮಗ್ಗಿ ಹೇಳುವ ಮಗು ಮಾಡುತ್ತಿರುವುದೂ ನೆನಪಿನಿಂದ ಹೊರತೆಗೆಯುವ ಕೆಲಸವನ್ನೇ. ತೊಂದರೆ ಇರುವುದು ಅರ್ಥವಾಗದ್ದನ್ನು ಉರು ಹೊಡೆದು ಅಲ್ಲಿಗೇ ನಿಲ್ಲಿಸುವುದರಲ್ಲಿ. ನನ್ನನ್ನು ಕೇಳಿದರೆ, ವಿಡಿಯೊವನ್ನು ಒಂದೂವರೆ ಪಟ್ಟು ವೇಗದಲ್ಲಿ ಓಡಿಸಿ ‘ಪಾಠ ಮುಗಿಸಿದೆ’ ಅನ್ನುವುದಕ್ಕಿಂತ ಮಗ್ಗಿ ಎಷ್ಟೋ ವಾಸಿ.

ಹೆಜ್ಜೆ 5: ಬಿಟ್ಟು ಬಿಟ್ಟು ಮಾಡಿ

ಮಾರನೆಯ ದಿನ, ಮೂರು ದಿನ ಬಿಟ್ಟು, ಒಂದು ವಾರ ಬಿಟ್ಟು ಮತ್ತೆ ಖಾಲಿ ಹಾಳೆ. ಸೂತ್ರ, ವ್ಯಾಖ್ಯೆಗಳಿಗೆ ಚೀಟಿ ಒಳ್ಳೆಯದು. ಒಂದು ಕಡೆ ಪ್ರಶ್ನೆ, ಹಿಂದೆ ಉತ್ತರ. ಜರ್ಮನಿಯ ಸೆಬಾಸ್ಟಿಯನ್ ಲೈಟ್ನರ್ 1970ರ ದಶಕದಲ್ಲಿ ಇದಕ್ಕೊಂದು ಡಬ್ಬಿ ಪದ್ಧತಿ ಹೇಳಿಕೊಟ್ಟ. ಸರಿ ಬಂದ ಚೀಟಿ ಮುಂದಿನ ಖಾನೆಗೆ, ತಪ್ಪಿದ್ದು ಮೊದಲ ಖಾನೆಗೆ. ಮೊದಲ ಖಾನೆಯನ್ನು ದಿನಾ ತೆಗೆಯಬೇಕು, ಆಮೇಲಿನವನ್ನು ಅಪರೂಪಕ್ಕೆ. ಚಪ್ಪಲಿ ಡಬ್ಬಿಗೆ ರಟ್ಟಿನ ತುಂಡು ಅಡ್ಡ ಇಟ್ಟರೆ ಖಾನೆ ರೆಡಿ.

ಒಂದು ಎಚ್ಚರಿಕೆ. ಹೀಗೆ ಓದಿದರೆ ಮೊದಮೊದಲು ‘ನನಗೇನೂ ಬರಲ್ಲ’ ಅನಿಸುತ್ತದೆ. ಹಾರ್ವರ್ಡ್‌ನ ಭೌತವಿಜ್ಞಾನ ತರಗತಿಗಳಲ್ಲಿ ನಡೆಸಿ 2019ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲೂ ಇದೇ ಕಂಡಿತು. ತಾವೇ ಸಮಸ್ಯೆ ಬಿಡಿಸುತ್ತಾ ಕಲಿತವರು ಪರೀಕ್ಷೆಯಲ್ಲಿ ಜಾಸ್ತಿ ಅಂಕ ತೆಗೆದರು. ಆದರೆ ‘ಎಷ್ಟು ಕಲಿತಿರಿ?’ ಅಂದರೆ, ಚೆಂದದ ಉಪನ್ಯಾಸ ಕೇಳಿದವರಿಗಿಂತ ಕಡಿಮೆ ಅಂದರು. ಹಾಗಾಗಿ ಮನೆಯವರು ‘ಎಷ್ಟು ಹೊತ್ತು ಓದಿದೆ?’ ಅಂತ ಕೇಳುವುದನ್ನು ಬಿಟ್ಟು, ಪುಸ್ತಕ ತಮ್ಮ ಕೈಯಲ್ಲಿಟ್ಟುಕೊಂಡು ‘ಈ ಪುಟದಲ್ಲಿ ಏನಿದೆ ಹೇಳು ನೋಡೋಣ’ ಅಂದರೆ ಸಾಕು. ತಡವರಿಸಿದರೆ ಸ್ವಲ್ಪ ಕಾಯಿರಿ, ಉತ್ತರ ಎತ್ತಿ ಕೊಡಬೇಡಿ.