ನೀರಿನಲ್ಲಿ ಮೈಕ್ರೋಪ್ಲಾಸ್ಟಿಕ್ ಎಣಿಸುವುದು: ನಾನು ಮಾಡುವ ರೀತಿ

ಈ ನೀರಿನಲ್ಲಿ ಎಷ್ಟು ಮೈಕ್ರೋಪ್ಲಾಸ್ಟಿಕ್ ಇದೆ ಅಂತ ಯಾರಾದರೂ ಕೇಳಿದರೆ, ಎಷ್ಟು ಸಣ್ಣ ಚೂರಿನವರೆಗೆ ಎಣಿಸಬೇಕು ಅಂತ ನಾನು ತಿರುಗಿ ಕೇಳುತ್ತೇನೆ. 5 ಮಿಲಿಮೀಟರಿಗಿಂತ ಚಿಕ್ಕದು ಅನ್ನುವ ಮೇಲಿನ ಗಡಿ ಎಲ್ಲರಿಗೂ ಗೊತ್ತು. ಕೆಳಗಿನ ಗಡಿ ಎಲ್ಲಿ ಅನ್ನುವುದನ್ನು ಮಾತ್ರ ನಮ್ಮ ಬಲೆ, ಜರಡಿ, ಯಂತ್ರಗಳೇ ತೀರ್ಮಾನಿಸುತ್ತವೆ. ಚೂರು ಸಣ್ಣದಾದಷ್ಟೂ ಅವುಗಳ ಸಂಖ್ಯೆ ಜಾಸ್ತಿ. ಹಾಗಾಗಿ ಬಲೆಯ ಕಣ್ಣು ಎಷ್ಟು ಅಂತ ಹೇಳದೆ ಕೊಟ್ಟ ಲೆಕ್ಕವನ್ನು ನಾನು ನಂಬುವುದಿಲ್ಲ.

ಮೇಲ್ಮೈ ನೀರಿಗೆ ನಾನು ಬಳಸುವುದು ಮಾಂಟಾ ಬಲೆ, ಅಂದರೆ ನೀರಿನ ಮೇಲೆ ತೇಲುತ್ತಾ ಮೇಲ್ಪದರವನ್ನು ಸೋಸುವ ಅಗಲ ಬಾಯಿಯ ಬಲೆ. ಕಣ್ಣಿನ ಅಳತೆ ಸುಮಾರು 0.33 ಮಿ.ಮೀ. ದೋಣಿಯ ಹಿಂದೆ ನೀರು ಕಲಕಿರುತ್ತದೆ, ಅದಕ್ಕೇ ಪಕ್ಕಕ್ಕೆ ಕಟ್ಟಿ ನಿಧಾನವಾಗಿ ಎಳೆಯುತ್ತೇನೆ. ಬಲೆಯ ಬಾಯಿಗೆ ಫ್ಲೋಮೀಟರ್ (ಒಳಗೆ ಹರಿದ ನೀರನ್ನು ಅಳೆಯುವ ಮೀಟರ್) ಇರಲೇಬೇಕು. 60 ಸೆಂ.ಮೀ. ಅಗಲದ ಬಾಯಿ 15 ಸೆಂ.ಮೀ. ಮುಳುಗಿ 1 ಕಿ.ಮೀ. ಸಾಗಿದರೆ 90 ಘನ ಮೀಟರ್ ನೀರು ಸೋಸಿದಂತೆ. ಆದರೆ ಪಾಚಿ ಕಟ್ಟಿಕೊಂಡರೆ ನೀರು ಬಲೆಯೊಳಗೆ ಹೋಗದೆ ಸುತ್ತ ಸರಿದುಹೋಗುತ್ತದೆ. ಆಗ ಎಳೆಯುವುದನ್ನು ಅಲ್ಲಿಗೇ ನಿಲ್ಲಿಸಬೇಕು. ಬಲೆಯನ್ನು ಯಾವಾಗಲೂ ಹೊರಗಿನಿಂದ ತೊಳೆಯುತ್ತೇನೆ. ಹಾಗೆ ಮಾಡಿದರೆ ತೊಳೆಯುವ ನೀರಿನಲ್ಲಿರುವ ದೊಡ್ಡ ಚೂರುಗಳು ಹೊರಗೇ ಉಳಿಯುತ್ತವೆ, ಒಳಗಿನದ್ದೆಲ್ಲ ತುದಿಯ ಡಬ್ಬಿಗೆ ಇಳಿಯುತ್ತದೆ.

ಬಲೆಯೊಂದನ್ನೇ ನಂಬಿ ಕೂತರೆ ಬಟ್ಟೆಯ ನಾರುಗಳು ಕೈತಪ್ಪುತ್ತವೆ. ಅವು ಉದ್ದಕ್ಕೆ ತಿರುಗಿ ಕಣ್ಣಿನಿಂದ ಸಲೀಸಾಗಿ ನುಸುಳುತ್ತವೆ. ಅದಕ್ಕೇ ಅದೇ ಜಾಗದಲ್ಲಿ ಪಂಪಿನಿಂದ ನೀರೆತ್ತಿ, ಒಂದರ ಮೇಲೊಂದು ಇಟ್ಟ ಸ್ಟೀಲ್ ಜರಡಿಗಳ ಮೂಲಕವೂ ಹಾಯಿಸುತ್ತೇನೆ. ಸುಮ್ನೆ ಒಂದು ಬಾಟಲಿ ತುಂಬಿಕೊಂಡು ಬಂದರೆ ಸಾಲದು. ಲೀಟರ್ ನೀರಿನಲ್ಲಿ ಎರಡೋ ಮೂರೋ ಚೂರು ಸಿಕ್ಕರೆ ಅದರ ಮೇಲೆ ಏನು ಹೇಳಲು ಸಾಧ್ಯ, ಅಲ್ವಾ?

ಲ್ಯಾಬಿಗೆ ಬಂದ ಮೇಲೆ ಎಲೆ, ಪಾಚಿ, ಹುಳುಗಳನ್ನು ಕರಗಿಸಬೇಕು. 30 ಶೇಕಡಾ ಹೈಡ್ರೋಜನ್ ಪೆರಾಕ್ಸೈಡಿಗೆ ಕಬ್ಬಿಣದ ಸಲ್ಫೇಟ್ ದ್ರಾವಣ ಸೇರಿಸಿ 75 ಡಿಗ್ರಿ ಸೆಲ್ಸಿಯಸ್‌ವರೆಗೆ ಬಿಸಿ ಮಾಡುತ್ತೇನೆ. ಕೆಲವು ನಿಮಿಷದಲ್ಲಿ ಗುಳ್ಳೆ ಏಳುತ್ತದೆ, ಆಮೇಲೆ ಒಮ್ಮೆಲೇ ಕಂದು ನೊರೆ ಬೀಕರಿನ ಅಂಚಿಗೆ ಬರುತ್ತದೆ. ಗುಳ್ಳೆ ಕಾಣುತ್ತಿದ್ದಂತೆ ಬಿಸಿ ತಟ್ಟೆಯಿಂದ ಇಳಿಸಬೇಕು. ಪಕ್ಕದಲ್ಲಿ ಐಸ್ ನೀರು, ಕಣ್ಣಿಗೆ ಕನ್ನಡಕ, ಹೊಗೆ ಎಳೆಯುವ ಹುಡ್ ಇಲ್ಲದೆ ಇದನ್ನು ಮಾಡಲೇಬೇಡಿ. ಬೇಗ ಮುಗಿಯಲಿ ಅಂತ ಗಟ್ಟಿ ನೈಟ್ರಿಕ್ ಆಮ್ಲ ಹಾಕುವುದೂ ಬೇಡ. ಅದು ನೈಲಾನನ್ನೇ ಕರಗಿಸಿಬಿಡುತ್ತದೆ.

ಮರಳು, ಮಣ್ಣನ್ನು ಬೇರ್ಪಡಿಸಲು ಉಪ್ಪು ನೀರು. ಉಪ್ಪು ಇನ್ನು ಕರಗದಷ್ಟು ಹಾಕಿದರೂ ಅದರ ಸಾಂದ್ರತೆ ಘನ ಸೆಂ.ಮೀ.ಗೆ ಸುಮಾರು 1.2 ಗ್ರಾಂ ದಾಟುವುದಿಲ್ಲ. ಪಾಲಿಎಥಿಲೀನ್, ಪಾಲಿಪ್ರೊಪಿಲೀನ್, ನೈಲಾನ್ ಅದರಲ್ಲಿ ತೇಲುತ್ತವೆ. ಪಾಲಿಯೆಸ್ಟರ್ ಬಟ್ಟೆಯ ನಾರು ಸುಮಾರು 1.38, ಅದು ಮಣ್ಣಿನ ಜೊತೆ ತಳ ಸೇರುತ್ತದೆ. ನಾರುಗಳೇ ಮುಖ್ಯವಾದಾಗ ನಾನು ಇನ್ನೂ ಹೆಚ್ಚು ಸಾಂದ್ರತೆಯ ಜಿಂಕ್ ಕ್ಲೋರೈಡ್ ದ್ರಾವಣಕ್ಕೆ ಹೋಗುತ್ತೇನೆ. ಅದು ಜಲಚರಗಳಿಗೆ ವಿಷ, ಆದ್ದರಿಂದ ಸೋಸಿ ಮತ್ತೆ ಬಳಸುತ್ತೇನೆ, ಸಿಂಕಿಗೆ ಸುರಿಯುವ ಮಾತೇ ಇಲ್ಲ.

ಇನ್ನು ಬ್ಲ್ಯಾಂಕ್, ಅಂದರೆ ಹೊರಗಿನಿಂದ ಎಷ್ಟು ಚೂರು ಸೇರಿಕೊಂಡಿತು ಅಂತ ತಿಳಿಯಲು ಜೊತೆಗಿಡುವ ಖಾಲಿ ಮಾದರಿ. ನನ್ನ ಪ್ರಕಾರ ಇಡೀ ಕೆಲಸದ ಬೆನ್ನೆಲುಬು ಇದೇ. ಗಾಳಿಯಲ್ಲಿ ನಾರುಗಳು ಸದಾ ಬೀಳುತ್ತಲೇ ಇರುತ್ತವೆ, ನಮ್ಮ ಬಟ್ಟೆಯಿಂದಲೂ ಬೀಳುತ್ತವೆ. ನಾನು ಗಾಢ ಬಣ್ಣದ ಹತ್ತಿ ಕೋಟು ಹಾಕಿಕೊಳ್ಳುತ್ತೇನೆ. ಅದರ ನಾರು ಫಿಲ್ಟರಿನ ಮೇಲೆ ಬಿದ್ದರೆ ಸೂಕ್ಷ್ಮದರ್ಶಕದಲ್ಲಿ ತಕ್ಷಣ ಗುರುತು ಹತ್ತುತ್ತದೆ. ಪಾತ್ರೆಗಳೆಲ್ಲ ಗಾಜು ಇಲ್ಲವೇ ಸ್ಟೀಲ್, ಮೇಲೆ ಅಲ್ಯೂಮಿನಿಯಂ ಹಾಳೆ. ರಾಸಾಯನಿಕಗಳನ್ನೂ ಮೊದಲೇ ಸೋಸಿಕೊಳ್ಳುತ್ತೇನೆ. ಕೆಲಸ ಮಾಡುವಷ್ಟು ಹೊತ್ತು ಪಕ್ಕದಲ್ಲಿ ಒದ್ದೆ ಫಿಲ್ಟರ್ ಇಟ್ಟ ಪೆಟ್ರಿ ತಟ್ಟೆ ತೆರೆದಿರುತ್ತದೆ. ಜೊತೆಗೆ ಶುದ್ಧ ನೀರಿನ ಬಾಟಲಿಯೊಂದು ನನ್ನ ಜೊತೆ ನದಿಗೆ ಬಂದು, ಅಲ್ಲಿ ತೆರೆದು ಮುಚ್ಚಿಸಿಕೊಂಡು, ವಾಪಸ್ ಬಂದು ಉಳಿದ ಮಾದರಿಗಳು ದಾಟುವ ಹಂತಗಳನ್ನೆಲ್ಲ ದಾಟುತ್ತದೆ. ಬ್ಲ್ಯಾಂಕ್‌ಗಳ ಸರಾಸರಿಗೆ ಅವುಗಳ ಪ್ರಮಾಣಿತ ವಿಚಲನೆಯ (ಲೆಕ್ಕಗಳು ಸರಾಸರಿಯಿಂದ ಎಷ್ಟು ಚದುರಿವೆ ಅನ್ನುವ ಅಳತೆ) ಮೂರು ಪಟ್ಟು ಸೇರಿಸಿ, ಅದಕ್ಕಿಂತ ಕಡಿಮೆ ಬಂದ ಮಾದರಿಯನ್ನು 'ಪತ್ತೆಯಾಗಿಲ್ಲ' ಅಂತಲೇ ಬರೆಯುತ್ತೇನೆ. ದೋಣಿಯ ಬಣ್ಣ, ಹಗ್ಗ, ಬಲೆ, ಇವುಗಳ ಒಂದೊಂದು ಚೂರನ್ನೂ ಗಾಜಿನ ಶೀಶೆಯಲ್ಲಿ ಇಟ್ಟುಕೊಂಡಿರುತ್ತೇನೆ. ನೀಲಿ ನಾರು ಕಂಡರೆ ಅದು ನದಿಯದ್ದೋ ನಮ್ಮ ಹಗ್ಗದ್ದೋ ಅಂತ ಹೋಲಿಸಿ ನೋಡಬಹುದು.

ಕಣ್ಣಲ್ಲೇ ಎಣಿಸುವುದಕ್ಕೆ ಮಿತಿ ಇದೆ. ಬಿಸಿ ಸೂಜಿ ತಾಗಿಸಿದರೆ ಪ್ಲಾಸ್ಟಿಕ್ ಸಾಮಾನ್ಯವಾಗಿ ಮುದುಡುತ್ತದೆ ಅಥವಾ ಕರಗುತ್ತದೆ, ಹತ್ತಿ ಹಾಗೆ ಕರಗುವುದಿಲ್ಲ. ದೊಡ್ಡ ಚೂರಿಗೆ ಇದು ಸಾಕು. ಸಣ್ಣದಕ್ಕೆ ನೈಲ್ ರೆಡ್ ಬಣ್ಣ ಹಾಕಿ ನೀಲಿ ಬೆಳಕಿನಲ್ಲಿ ನೋಡಬಹುದು, ಆದರೆ ಕರಗದೆ ಉಳಿದ ಜಿಡ್ಡೂ ಹೊಳೆಯುತ್ತದೆ. ಯಾವ ಪ್ಲಾಸ್ಟಿಕ್ ಅಂತ ಖಚಿತವಾಗಿ ಹೇಳಲು ಎಫ್‌ಟಿಐಆರ್ (ಇನ್‌ಫ್ರಾರೆಡ್ ಬೆಳಕಿನಿಂದ ವಸ್ತುವನ್ನು ಗುರುತಿಸುವ ಯಂತ್ರ) ಬೇಕು, ಅದು ಸುಮಾರು 10ರಿಂದ 20 ಮೈಕ್ರಾನ್‌ಗಿಂತ (ಮೈಕ್ರಾನ್ ಅಂದರೆ ಮಿಲಿಮೀಟರಿನ ಸಾವಿರದ ಒಂದು ಭಾಗ) ಸಣ್ಣ ಚೂರಿಗೆ ಆಗುವುದಿಲ್ಲ. ಲೇಸರ್ ಬೆಳಕಿನಿಂದ ಗುರುತಿಸುವ ರಾಮನ್ ಯಂತ್ರ ಸುಮಾರು 1 ಮೈಕ್ರಾನ್‌ವರೆಗೆ ಇಳಿಯುತ್ತದೆ, ಆದರೆ ತುಂಬಾ ಹೊತ್ತು ಹಿಡಿಯುತ್ತದೆ.

ಹೊಸ ಮಾದರಿಗಳ ಸರಣಿ ಶುರುಮಾಡುವಾಗ, ಎಣಿಸಿಟ್ಟ ಕೆಂಪು ಪಾಲಿಎಥಿಲೀನ್ ಚೂರುಗಳನ್ನು ಶುದ್ಧ ನೀರಿಗೆ ಹಾಕಿ, ಮೊದಲಿಂದ ಕೊನೆವರೆಗೆ ಎಲ್ಲ ಹಂತ ದಾಟಿಸುತ್ತೇನೆ. ಎಷ್ಟು ವಾಪಸ್ ಬಂದವು ಅನ್ನುವುದೂ ವರದಿಯಲ್ಲಿ ಇರಬೇಕು. ಕಳೆದುಹೋದವು ಹೆಚ್ಚಾಗಿ ಸಿಗುವುದು ಗಾಜಿನ ಆಲಿಕೆಯ ಒಳಗೋಡೆಯಲ್ಲಿ, ನೀರಿನ ಮಟ್ಟ ಇಳಿದ ಗೆರೆಯ ಉದ್ದಕ್ಕೂ. ಅಲ್ಲಿ ಸೋಸಿದ ನೀರಿನಿಂದ ಕನಿಷ್ಠ ಮೂರು ಸಲ ಸುತ್ತಲೂ ತೊಳೆದು, ಆ ನೀರನ್ನೂ ಅದೇ ಫಿಲ್ಟರಿಗೆ ಹಾಕಿ.