ತಾತನ ಒಂಟಿ ನಳಿಗೆ ಕೋವಿಯನ್ನು ಬಿಚ್ಚಿ ಒರೆಸುವ ಬಗೆ

ಮೂಡಿಗೆರೆ ಕಡೆಯ ತೋಟದ ಮನೆಯಲ್ಲಿದ್ದ ತಾತನ ಕೋವಿ ಈಗ ಬಸವನಗುಡಿಯಲ್ಲಿ ನನ್ನ ಹತ್ತಿರ ಇದೆ. ಲೈಸೆನ್ಸ್ ನನ್ನ ಹೆಸರಿಗೆ ಬಂದ ಮೇಲೇ ತಂದಿಟ್ಟುಕೊಂಡೆ. 12 ಬೋರ್ (ನಳಿಗೆಯ ಒಳ ಅಗಲದ ಅಳತೆ), ಪಿನ್ನಿಗೆ ಬಡಿಯುವ ಹ್ಯಾಮರ್ ಹೊರಗೇ ಕಾಣುತ್ತದೆ. ಒಂದು ಮಳೆಗಾಲ ಕ್ಯಾನ್ವಾಸ್ ಚೀಲದಲ್ಲೇ ಬಿಟ್ಟಿದ್ದೆ. ತೆಗೆದು ನೋಡಿದರೆ ನಳಿಗೆ ಮೇಲೆ ಕೆಂಪು ಚುಕ್ಕಿ! ಬಟ್ಟೆ ತೇವ ಹೀರಿಕೊಂಡು ಕಬ್ಬಿಣಕ್ಕೆ ಅಂಟಿಕೊಂಡೇ ಇರುತ್ತದೆ. ಆವತ್ತಿನಿಂದ ತಿಂಗಳಿಗೊಮ್ಮೆ ಒರೆಸುತ್ತೇನೆ.

ತೋಟಾಗಳು ಬೇರೆ ಕೋಣೆಯಲ್ಲಿರಲಿ. ಲಿವರ್ ತಳ್ಳಿ ನಳಿಗೆ ಬಗ್ಗಿಸಿ, ಒಳಗೆ ತೋಟಾ ಇಲ್ಲ ಅಂತ ಕಣ್ಣಲ್ಲಿ ನೋಡಿ, ಬೆರಳು ಹಾಕಿಯೂ ನೋಡಿ. ನಿನ್ನೆ ತಾನೇ ನೋಡಿದ್ದರೂ ಸರಿ, ಮತ್ತೆ ನೋಡಿ.

ಈಗ ನಳಿಗೆ ಮುಚ್ಚಿ, ಅದರ ಕೆಳಗಿನ ಮರದ ಹಿಡಿಯನ್ನು ತೆಗೆಯಿರಿ. ನನ್ನದು ಕೆಳಗೆ ಎಳೆದರೆ ಬರುತ್ತದೆ, ಕೆಲವದಕ್ಕೆ ಸ್ಕ್ರೂ ಇರುತ್ತದೆ. ಮತ್ತೆ ಲಿವರ್ ತಳ್ಳಿ ನಳಿಗೆ ಎತ್ತಿದರೆ ಕೊಕ್ಕೆಯಿಂದ ಕಳಚಿಕೊಳ್ಳುತ್ತದೆ. ಮೂರು ಭಾಗ ಆಯಿತು. ಅಲ್ಲಿಗೇ ನಿಲ್ಲಿಸಿ. ಹ್ಯಾಮರ್, ಸ್ಪ್ರಿಂಗ್ ಇರುವ ಕಡೆ ಸ್ಕ್ರೂಡ್ರೈವರ್ ಹಾಕಬೇಡಿ. ಹಳೆಯ ಸ್ಕ್ರೂಗಳ ತಲೆಯ ಸೀಳು ತುಂಬ ಸಣ್ಣ, ಒಮ್ಮೆ ಜಾರಿದರೆ ತಲೆ ಹಾಳು. ಅದು ಕೋವಿ ರಿಪೇರಿಯವರ ಕೆಲಸ.

ಹಿತ್ತಾಳೆ ಬ್ರಷ್ಷನ್ನು ಸೀಮೆಎಣ್ಣೆಯಲ್ಲಿ ಅದ್ದಿ, ತೋಟಾ ಹಾಕುವ ಕಡೆಯಿಂದ ತುದಿಯವರೆಗೆ ತಳ್ಳಿ. ಹಿಂದೆಯೇ ಹಳೆ ಪಂಚೆಯ ತುಂಡು. ಕಪ್ಪು ಬರುವುದು ನಿಲ್ಲುವವರೆಗೂ ತುಂಡು ಬದಲಿಸಿ. ತೋಟಾ ಹೊರಗೆ ತಳ್ಳುವ ತುಂಡಿನ ಕೆಳಗೆ ಮಸಿ ಜಾಸ್ತಿ ಕೂತಿರುತ್ತದೆ. ಅದಕ್ಕೆ ಬಿದಿರು ಕಡ್ಡಿ ಸಾಕು. ಆಮೇಲೆ ನಳಿಗೆಯನ್ನು ಬೆಳಕಿಗೆ ಹಿಡಿದು ನೋಡಿ. ಗುಳಿ, ತಗ್ಗು ಕಂಡರೆ ಆ ಕೋವಿ ಹಾರಿಸಬೇಡಿ, ಮೊದಲು ತಿಳಿದವರಿಗೆ ತೋರಿಸಿ. ಇನ್ನೊಂದು ಮಾತು: ಹಳೆಯವು ಎಷ್ಟೋ ಎರಡೂವರೆ ಇಂಚಿನ ತೋಟಾಕ್ಕೆ ಮಾಡಿದವು. ಈಗಿನ ಎರಡೂಮುಕ್ಕಾಲು ಇಂಚಿನದು ಅದಕ್ಕಲ್ಲ.

ಎಣ್ಣೆ ಯಾವುದು? ಊರಲ್ಲಿ ಕೊಬ್ಬರಿ ಎಣ್ಣೆ ಸವರುತ್ತಿದ್ದರು. ಬೆಂಗಳೂರಿನ ಡಿಸೆಂಬರ್‌ನಲ್ಲಿ ಅದು ಬಾಟಲಿಯಲ್ಲೇ ಗಟ್ಟಿಯಾಗುತ್ತದಲ್ವಾ? ಕೋವಿಯ ಮೇಲೂ ಹಾಗೇ. ಹೊಲಿಗೆ ಮಿಷನ್ ಎಣ್ಣೆ ಒಳ್ಳೆಯದು. ಬಟ್ಟೆಗೆ ಎರಡು ಹನಿ ಹಾಕಿ ಕಬ್ಬಿಣಕ್ಕೆಲ್ಲ ತೆಳ್ಳಗೆ ಒರೆಸಿ. ಕೊಕ್ಕೆ ಕೂರುವ ಜಾಗಕ್ಕೆ ಚೂರು ಗ್ರೀಸ್. ಮರಕ್ಕೆ ಈ ಎಣ್ಣೆ ಬೇಡ, ಮೆತ್ತಗಾಗುತ್ತದೆ. ಅಗಸೆ ಎಣ್ಣೆ ನಾಲ್ಕು ಹನಿ ಅಂಗೈಯಲ್ಲಿ ಉಜ್ಜಿ ಸವರಿ.

ಜೋಡಿಸುವಾಗ ನಳಿಗೆ ಮೊದಲು, ಮರದ ಹಿಡಿ ಕೊನೆಗೆ. ಖಾಲಿ ಕೋವಿಯ ಟ್ರಿಗರ್ ಸುಮ್ನೆ ಎಳೆಯಬೇಡಿ, ಒಳಗಿನ ಪಿನ್ ಮುರಿಯಬಹುದು. ಬೀರುವಿನಲ್ಲಿ ತುದಿ ಕೆಳಗೆ ಮಾಡಿ ನಿಲ್ಲಿಸಿ, ಎಣ್ಣೆ ಹಿಂಬದಿಯ ಮರಕ್ಕೆ ಇಳಿಯುವುದಿಲ್ಲ. ಬೀಗ ಹಾಕಿ, ಕೀಲಿ ನಿಮ್ಮ ಹತ್ತಿರವೇ ಇರಲಿ.