ಕೋಸು ಕೊಯ್ದ ಮೇಲೆ ಬುಡ ಕೀಳಬೇಡಿ

ಎಲೆಕೋಸನ್ನು ಕೊಯ್ದ ಮರುಕ್ಷಣವೇ ಉಳಿದ ದಂಟನ್ನು ಬೇರುಸಹಿತ ಕಿತ್ತು ಗೊಬ್ಬರದ ಗುಂಡಿಗೆ ಎಸೆಯುವವರನ್ನು ಕಂಡರೆ ನನಗೆ ಸಿಟ್ಟು ತಡೆಯುವುದಿಲ್ಲ. ಮೊನ್ನೆ ನನ್ನ ಮೊಮ್ಮಗಳು ಒಂದು ಸಾಲನ್ನೇ ಹಾಗೆ ಬರಿದು ಮಾಡಿ, "ಅಜ್ಜಿ, ಪಾತಿ ಚೊಕ್ಕಟವಾಯಿತು" ಎಂದು ಬೀಗಿದಳು. ತಿಂಗಳುಗಟ್ಟಲೆ ನೀರು, ಗೊಬ್ಬರ ಉಂಡು ಬೇರೂರಿದ ಗಿಡ ಒಂದೇ ಕೊಯ್ಲಿಗೆ ಮುಗಿಯಿತೆಂದು ಇವರಿಗೆ ಯಾರು ಹೇಳಿಕೊಟ್ಟರೋ ತಿಳಿಯದು.

ಕೋಸನ್ನು ಬೆಳಗಿನ ತಂಪಿನಲ್ಲಿ ಕೊಯ್ಯಬೇಕು. ಕೆಳಗೆ ಹರಡಿಕೊಂಡ ಅಗಲವಾದ ಎಲೆಗಳನ್ನು ಮುಟ್ಟಬಾರದು, ಏಕೆಂದರೆ ಮುಂದೆ ಗಿಡವನ್ನು ಸಾಕುವವು ಅವೇ. ಬಳಿಕ ದಂಟಿನ ಕೊಯ್ದ ಮುಖದ ಮೇಲೆ ಚಾಕುವಿನ ತುದಿಯಿಂದ ಒಂದು ಗೀರು, ಅದರ ನಡುವೆ ಅಡ್ಡವಾಗಿ ಇನ್ನೊಂದು ಗೀರು ಎಳೆದರೆ ಶಿಲುಬೆಯ ಗುರುತು ಮೂಡುತ್ತದೆ. ಆಳ ಹೆಬ್ಬೆರಳಿನ ಉಗುರಿನಷ್ಟಿದ್ದರೆ ಸಾಕು, ದಂಟನ್ನು ಸೀಳಿಹಾಕಬಾರದು. ಚಾಕು ಮೊಂಡಾಗಿದ್ದರೆ ದಂಟು ಜಜ್ಜಿ ಕೊಳೆಯುತ್ತದೆ. (ಚಾಕು ಮಸೆಯುವುದನ್ನು ಈಗಿನವರು ಮರೆತೇಬಿಟ್ಟಿದ್ದಾರೆ, ಕೈ ಕೊಯ್ಯುವುದು ಹೆಚ್ಚಾಗಿ ಮೊಂಡು ಚಾಕುವೇ.) ನೀರನ್ನು ಬುಡಕ್ಕೆ ಹಾಕಬೇಕೇ ಹೊರತು ಗೀರಿನ ಮೇಲೆ ಸುರಿಯಬಾರದು. ಕೆಲವು ವಾರಗಳಲ್ಲಿ ಎಲೆಯ ಕಂಕುಳಲ್ಲಿ ಮೊಗ್ಗಿನಂತಹ ಚಿಗುರುಗಳು ಗುಂಪಾಗಿ ಇಣುಕುತ್ತವೆ. ಗಟ್ಟಿಯಾದ ನಾಲ್ಕನ್ನು ಉಳಿಸಿ ಮಿಕ್ಕವನ್ನು ಚಿವುಟಿದರೆ, ಉಳಿದವು ಮುಷ್ಟಿಗಾತ್ರದ ಪುಟ್ಟ ಕೋಸುಗಳಾಗುತ್ತವೆ. ಚಿವುಟಲು ಮನಸ್ಸು ಬಾರದೆ ಎಲ್ಲವನ್ನೂ ಬಿಟ್ಟವರಿಗೆ ಸಿಗುವುದು ಬರೀ ಎಲೆಗಳ ಗೊಂಚಲು. ಹೂಕೋಸಿಗೆ ಈ ಉಪಾಯ ನಡೆಯದು. ಬ್ರೊಕೊಲಿಗಂತೂ ಗೀರೇ ಬೇಡ, ಅದು ತಾನಾಗಿಯೇ ಪಕ್ಕದಲ್ಲಿ ಚಿಗುರುತ್ತದೆ.

ಶಿಲುಬೆಗೂ ಕೋಸಿಗೂ ನಂಟು ಹಳೆಯದು. ನಾನು ಚಿಕ್ಕವಳಿದ್ದಾಗ ತಂದೆಯವರು ಸಾಸಿವೆಯ ಹೂವೊಂದನ್ನು ನನ್ನ ಅಂಗೈಯಲ್ಲಿಟ್ಟು ಎಣಿಸಲು ಹೇಳಿದ್ದರು: ಎದುರುಬದುರಾಗಿ ನಾಲ್ಕು ಎಸಳು, ಒಳಗೆ ಆರು ಕೇಸರ, ಅವುಗಳಲ್ಲಿ ನಾಲ್ಕು ಉದ್ದ, ಎರಡು ಗಿಡ್ಡ. ಈ ಹೂವಿನ ರೂಪದಿಂದಲೇ ಸಾಸಿವೆಯೂ ಕೋಸೂ ಸೇರಿದ ಸಸ್ಯಕುಟುಂಬಕ್ಕೆ ಕ್ರೂಸಿಫೆರೆ ಎಂಬ ಹೆಸರು ಬಂದಿತು. ಲ್ಯಾಟಿನ್ನಿನಲ್ಲಿ 'ಕ್ರುಕ್ಸ್' ಎಂದರೆ ಶಿಲುಬೆ, ಹೆಸರಿನ ಒಟ್ಟರ್ಥ ಶಿಲುಬೆ ಹೊತ್ತದ್ದು. ಕ್ರೈಸ್ತರ ಧರ್ಮಯುದ್ಧಕ್ಕೆ ಹೇಳುವ ಕ್ರುಸೇಡ್ ಎಂಬ ಮಾತಿಗೂ ಅದೇ ಮೂಲ. ನಾವು ಆಡುವ 'ಶಿಲುಬೆ' ಮಾತ್ರ ಸಿರಿಯಕ್ ಭಾಷೆಯಿಂದ ಬಂದದ್ದು. ಈ ಕುಟುಂಬವನ್ನು ಈಗ ಪುಸ್ತಕಗಳಲ್ಲಿ ಬ್ರಾಸಿಕೇಸಿ ಎಂದು ಬರೆಯುತ್ತಾರೆ. ಬ್ರಾಸಿಕಾ ಎಂದರೆ ಕೋಸೇ.

ಹೆಸರಿನ ಮಾತು ಸುಮ್ಮನೆ ಎತ್ತಿದ್ದಲ್ಲ. ಕೋಸು ತೆಗೆದ ಪಾತಿಗೆ ಮೂಲಂಗಿ ಬಿತ್ತಿ, "ಬೆಳೆ ಬದಲಿಸಿದ್ದೇನೆ" ಎನ್ನುವ ಜಾಣರಿದ್ದಾರೆ. ಮೂಲಂಗಿ, ಸಾಸಿವೆ, ನವಿಲುಕೋಸು, ಟರ್ನಿಪ್ ಎಲ್ಲವೂ ನಾಲ್ಕೆಸಳಿನ ಒಂದೇ ಮನೆಯವು. ಬೇರು ಗದೆಯಂತೆ ಊದಿಕೊಳ್ಳುವ ರೋಗ ಈ ಮನೆಯವರನ್ನೇ ಹುಡುಕಿಕೊಂಡು ಬರುತ್ತದೆ, ಅದರ ಬೀಜಕಣಗಳು ಮಣ್ಣಿನಲ್ಲಿ ವರ್ಷಗಟ್ಟಲೆ ಕಾದು ಕೂರುತ್ತವೆ. ಆದ್ದರಿಂದ ಪುಟ್ಟ ಕೋಸುಗಳೂ ಮುಗಿದ ಮೇಲೆ ಬುಡವನ್ನು ಕಿತ್ತು, ಮಣ್ಣು ಕೊಡವಿ, ಬೇರನ್ನು ಕಣ್ಣಾರೆ ನೋಡಿ. ಎಳೆಎಳೆಯಾಗಿ ನೀಳವಾಗಿದ್ದರೆ ಗೊಬ್ಬರದ ಗುಂಡಿಗೆ ಹಾಕಬಹುದು. ಗಂಟುಗಂಟಾಗಿ ಊದಿದ್ದರೆ ಗುಂಡಿಯ ಹತ್ತಿರಕ್ಕೂ ಒಯ್ಯದೆ, ಒಣಗಿಸಿ ಸುಟ್ಟುಬಿಡಿ.